ಅಪೀಲು ಸುಮ್ನೆ ಮುಚ್ಚಿಹೋಗುವ ಮೊದಲು ನೀವು ಮಾಡಬೇಕಾದ ಕೆಲಸ

ಅಪೀಲು ಹಾಕಿ ವರ್ಷಗಳೇ ಆಗಿವೆ. ಅಷ್ಟರಲ್ಲಿ ಜಗಳದ ವಿಷಯವೇ ಮುಗಿದುಹೋಗಿದೆ. ಬಾಡಿಗೆದಾರ ಅಂಗಡಿ ಬಿಟ್ಟು ಹೋಗಿದ್ದಾನೆ, ಇಲ್ಲವೇ ಪಂಚಾಯಿತಿ ಅವಧಿ ಮುಗಿದಿದೆ, ಇಲ್ಲವೇ ನೀವು ಯಾವ ವರ್ಗಾವಣೆ ಆದೇಶದ ವಿರುದ್ಧ ಹೋಗಿದ್ದಿರೋ ಅದನ್ನು ಇಲಾಖೆಯೇ ವಾಪಸ್ ತೆಗೆದುಕೊಂಡಿದೆ. ಆಗ ಒಂದು ದಿನ ವಕೀಲರಿಂದ ಫೋನ್ ಬರುತ್ತದೆ. "ನಿಮ್ಮ ಅಪೀಲು ಇನ್‌ಫ್ರಕ್ಚುಯಸ್ ಆಗಿದೆ, ಒಂದು ಮೆಮೊ ಹಾಕಿ ಮುಗಿಸಿಬಿಡೋಣ." ಅಂದರೆ ಅಪೀಲಿಗೆ ಇನ್ನು ಅರ್ಥ ಉಳಿದಿಲ್ಲ, ಕೋರ್ಟಿಗೆ ಹಾಗೆಂದು ಬರೆದುಕೊಟ್ಟು ಮುಗಿಸೋಣ ಎಂದು. ನೀವೂ "ಆಯ್ತು ಸಾರ್" ಅಂದುಬಿಡುತ್ತೀರಿ. ಕೋರ್ಟಿನಲ್ಲಿ ಎರಡು ಸಾಲಿನ ಆದೇಶ ಬರುತ್ತದೆ. ವಿಚಾರಣೆಗೆ ಏನೂ ಉಳಿದಿಲ್ಲ, ಅಪೀಲು ವಜಾ.

ನಮ್ಮ ತುಮಕೂರು, ಕೋಲಾರ, ಚಿಕ್ಕಬಳ್ಳಾಪುರ ಕಡೆ ಬಹಳ ಜನ ಇದನ್ನು "ಗೆದ್ದೂ ಇಲ್ಲ, ಸೋತೂ ಇಲ್ಲ" ಎಂದು ತಿಳಿದು ಮನೆಗೆ ಹೋಗುತ್ತಾರೆ. ಅದು ಅರ್ಧ ಮಾತ್ರ ನಿಜ. ಅಪೀಲಿನಲ್ಲಿ ನೀವು ಸೋತಿಲ್ಲ, ಸರಿ. ಆದರೆ ಕೆಳಗಿನ ಕೋರ್ಟಿನಲ್ಲಿ ಸೋತಿದ್ದಿರಲ್ಲ, ಆ ತೀರ್ಪು ಎಲ್ಲಿಗೂ ಹೋಗಿಲ್ಲ. ಅಪೀಲು ಇರುವವರೆಗೆ ಅದಕ್ಕೆ ಒಂದು ಪ್ರಶ್ನೆ ಇತ್ತು. ಅಪೀಲು ವಜಾ ಆದ ಕ್ಷಣ ಆ ಪ್ರಶ್ನೆಯೂ ಇಲ್ಲ. ನಾಳೆ ಅದೇ ಜಮೀನು, ಅದೇ ಪಕ್ಕದವರು, ಇನ್ನೊಂದು ಕೇಸು ಬಂದಾಗ ಎದುರಿನ ವಕೀಲರು ಆ ಹಳೇ ತೀರ್ಪನ್ನೇ ತಂದು ಮೇಜಿನ ಮೇಲೆ ಇಡುತ್ತಾರೆ. ಹಾಗಾಗಿ ಅಪೀಲು ಮುಚ್ಚುವುದು ಅನಿವಾರ್ಯವಾದರೂ, ಹೇಗೆ ಮುಚ್ಚುತ್ತದೆ ಅನ್ನೋದು ನಿಮ್ಮ ಕೈಯಲ್ಲಿ ಸ್ವಲ್ಪ ಇದೆ. ಈ ಲೇಖನ ಅದರ ಬಗ್ಗೆ. ಹೆಚ್ಚಾಗಿ ಸಿವಿಲ್ ಕೇಸುಗಳ ಮಾತು. ಕ್ರಿಮಿನಲ್ ಮತ್ತು ಎ.ಸಿ. (ಉಪವಿಭಾಗಾಧಿಕಾರಿ) ಕೋರ್ಟಿನ ವಿಷಯ ನಡುವೆ ಒಂದೆರಡು ಮಾತಿನಲ್ಲಿ ಬರುತ್ತದೆ.

ಮೊದಲು ಫೈಲ್ ತೆಗೆಯಿರಿ

ವಕೀಲರ ಜೊತೆ ಮಾತಾಡುವ ಮೊದಲು ಮೂರು ಕಾಗದ ಮುಂದೆ ಇಟ್ಟುಕೊಳ್ಳಿ. ಕೆಳಗಿನ ಕೋರ್ಟಿನ ತೀರ್ಪು ಮತ್ತು ಡಿಕ್ರಿ (ತೀರ್ಪಿನಂತೆ ಯಾರಿಗೆ ಏನು ಎಂದು ಬರೆದ ಆದೇಶ), ನಿಮ್ಮ ಅಪೀಲಿನ ಮೆಮೊರಾಂಡಮ್ ಅಂದರೆ ಅಪೀಲು ಅರ್ಜಿ, ಮತ್ತು ದಾವೆಯ ಮೂಲ ಅರ್ಜಿ. ಫೈಲ್ ನಿಮ್ಮ ಹತ್ತಿರ ಇಲ್ಲದಿದ್ದರೆ ವಕೀಲರ ಆಫೀಸಿನಿಂದ ಜೆರಾಕ್ಸ್ ತೆಗೆಸಿಕೊಳ್ಳಿ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹದಿನಾರು ಅಕ್ಷರ-ಅಂಕಿಯ ಸಿ.ಎನ್.ಆರ್. ನಂಬರ್ (ಪ್ರತಿ ಕೇಸಿಗೂ ಇರುವ ಗುರುತಿನ ಸಂಖ್ಯೆ) ಹಾಕಿದರೆ ಕೇಸಿನ ಹಂತ, ಮುಂದಿನ ಡೇಟ್, ಅಪ್‌ಲೋಡ್ ಆಗಿರುವ ಆದೇಶಗಳು ಕಾಣುತ್ತವೆ.

ಈಗ ದಾವೆಯ ಕೊನೆಯಲ್ಲಿ "ಪ್ರಾರ್ಥನೆ" ಅಂತ ಇರುವ ಭಾಗ ಓದಿ. ಅಲ್ಲಿ ಏನೇನು ಕೇಳಿದ್ದೀರಿ? ಬರೀ ಸ್ವಾಧೀನವಾ? ಬಾಕಿ ಬಾಡಿಗೆಯೂ ಇದೆಯಾ? ಹಕ್ಕು ಘೋಷಣೆ ಕೇಳಿದ್ದೀರಾ? ನಷ್ಟ ಪರಿಹಾರ, ಬಡ್ಡಿ, ಖರ್ಚು? ಒಂದೊಂದನ್ನೂ ಹಾಳೆ ಮೇಲೆ ಬರೆಯಿರಿ. ಪ್ರತಿಯೊಂದರ ಎದುರು ಈ ಪ್ರಶ್ನೆ ಹಾಕಿ. ಇವತ್ತು ಜಡ್ಜ್ ನನ್ನ ಪರವಾಗಿ ಆದೇಶ ಕೊಟ್ಟರೆ, ಇದರಿಂದ ನನ್ನ ಬದುಕಿನಲ್ಲಿ ಏನಾದರೂ ಬದಲಾಗುತ್ತದಾ?

ಒಂದಕ್ಕಾದರೂ "ಹೌದು" ಅನ್ನೋ ಉತ್ತರ ಬಂದರೆ ಅಪೀಲು ಪೂರ್ತಿ ಸತ್ತಿಲ್ಲ. ಉದಾಹರಣೆಗೆ ತುಮಕೂರಿನ ಬಿ.ಎಚ್. ರಸ್ತೆಯಲ್ಲಿ ನಿಮ್ಮದೊಂದು ಅಂಗಡಿ ಇದೆ, ಬಾಡಿಗೆದಾರನನ್ನು ಬಿಡಿಸಲು ದಾವೆ ಹಾಕಿ ಸೋತಿದ್ದೀರಿ, ಅಪೀಲು ನಡೆಯುವಾಗ ಅವನೇ ಬೀಗ ಕೊಟ್ಟು ಹೋದ ಅಂದುಕೊಳ್ಳಿ. ಸ್ವಾಧೀನದ ವಿಷಯ ಮುಗಿಯಿತು. ಆದರೆ ಅವನು ಕೊಡದೆ ಇರುವ ಬಾಡಿಗೆ ಮುಗಿದಿಲ್ಲ. ಕರಾರು ಮುಗಿದ ಮೇಲೂ ಕೂತಿದ್ದಕ್ಕೆ ಕೊಡಬೇಕಾದ ಹಣವೂ ಮುಗಿದಿಲ್ಲ. ಇದನ್ನು ಪ್ರಾರ್ಥನೆಯಲ್ಲಿ ಕೇಳಿದ್ದೀರಿ ಎಂದಾದರೆ, "ಬಾಡಿಗೆದಾರ ಹೋದ, ಅಪೀಲು ಮುಗಿಯಿತು" ಅನ್ನೋ ಮಾತಿಗೆ ತಲೆ ಆಡಿಸಬೇಡಿ. ಅಪೀಲು ಅಷ್ಟರ ಮಟ್ಟಿಗೆ ಮುಂದುವರಿಯಲಿ ಎಂದು ಹೇಳಿಸಿ.

ನಿಜವಾಗಿ ಮುಗಿದಿದೆಯಾ, ಇಲ್ಲಾ ಮುಗಿದ ಹಾಗೆ ಕಾಣುತ್ತಿದೆಯಾ

ಇಲ್ಲೇ ಜನ ಜಾಸ್ತಿ ಎಡವುವುದು. ಸ್ವಲ್ಪ ನಿಧಾನವಾಗಿ ನೋಡೋಣ.

ನಿಜವಾಗಿಯೂ ಮುಗಿಯುವ ಅಪೀಲುಗಳಲ್ಲಿ ದಿನನಿತ್ಯ ಕಾಣುವುದು ತಾತ್ಕಾಲಿಕ ತಡೆಯಾಜ್ಞೆಯದ್ದು. ದಾವೆ ನಡೆಯುವಾಗ ಟಿ.ಐ. (ಈ ತಾತ್ಕಾಲಿಕ ತಡೆಯಾಜ್ಞೆ) ಕೊಟ್ಟರು ಅಥವಾ ಕೊಡಲಿಲ್ಲ, ಅದರ ಮೇಲೆ ನೀವು ಎಂ.ಎ. ಅಥವಾ ಎಂ.ಎಫ್.ಎ. (ಇಂಥ ಮಧ್ಯಂತರ ಆದೇಶದ ಮೇಲಿನ ಅಪೀಲು) ಹಾಕಿದಿರಿ. ಅದು ಬಾಕಿ ಇರುವಾಗಲೇ ಕೆಳಗೆ ದಾವೆಯ ತೀರ್ಪೇ ಬಂತು. ಆಗ ಆ ಎಂ.ಎ.ಗೆ ಉಸಿರಿಲ್ಲ, ಏಕೆಂದರೆ ತಾತ್ಕಾಲಿಕ ಆದೇಶದ ಆಯುಷ್ಯ ದಾವೆಯಷ್ಟೇ. ಇಲ್ಲಿ ಒಂದು ಎಚ್ಚರಿಕೆ. ಮೇಲೆ ನನ್ನ ಎಂ.ಎಫ್.ಎ. ಇದೆಯಲ್ಲ ಅಂತ ಸುಮ್ನೆ ಕೂತರೆ ಕೆಟ್ಟಿರಿ. ಮುಖ್ಯ ತೀರ್ಪಿನ ಮೇಲೆ ಬೇರೆಯೇ ಅಪೀಲು ಹಾಕಬೇಕು, ಅದರ ಗಡುವು ಬೇರೆಯೇ ಓಡುತ್ತಿರುತ್ತದೆ. ಹೈಕೋರ್ಟಿಗಾದರೆ 90 ದಿನ, ಉಳಿದ ಕೋರ್ಟಿಗಾದರೆ 30 ದಿನ. ನಕಲು ಪಡೆಯಲು ಹಿಡಿದ ಸಮಯವನ್ನು ಮಾತ್ರ ಇದರಿಂದ ಕಳೆಯುತ್ತಾರೆ.

ಕಾನೂನೇ ಬದಲಾದಾಗಲೂ ಹೀಗಾಗುತ್ತದೆ. ನಮ್ಮ ಮೂರೂ ಜಿಲ್ಲೆಗಳು ಬೆಂಗಳೂರಿನ ಮಗ್ಗುಲಲ್ಲೇ ಇರುವುದರಿಂದ, ಕೃಷಿಕರಲ್ಲದವರು ಜಮೀನು ಕೊಂಡರು ಎಂದು ಭೂಸುಧಾರಣಾ ಕಾಯ್ದೆಯ 79ಎ, 79ಬಿ ಕಲಂ ಕೆಳಗೆ ಕೇಸು ಎದುರಿಸಿದವರು ಇಲ್ಲಿ ಬೇಕಾದಷ್ಟು ಜನ ಇದ್ದಾರೆ. 2020ರ ತಿದ್ದುಪಡಿ ಆ ಕಲಂಗಳನ್ನೇ ತೆಗೆದುಹಾಕಿತು, ಬಾಕಿ ಇದ್ದ ಪ್ರಕರಣಗಳೂ ಅದರ ಜೊತೆ ನಿಂತುಹೋದವು. ಹಾಗಿದ್ದೂ ಪಹಣಿಯಲ್ಲಿ ಹಳೇ ನಮೂದು ಹಾಗೇ ಕೂತಿರಬಹುದು. ಆ ವಿಷಯಕ್ಕೆ ಕೊನೆಯಲ್ಲಿ ಬರುತ್ತೇನೆ.

ಚುನಾವಣೆ ತಕರಾರು ಇನ್ನೊಂದು. ಪಂಚಾಯಿತಿಯ ಅವಧಿ ಸಂವಿಧಾನದ ಪ್ರಕಾರವೇ ಐದು ವರ್ಷ. ನಮ್ಮಲ್ಲಿ 2020ರ ಡಿಸೆಂಬರ್‌ನಲ್ಲಿ ಗ್ರಾಮ ಪಂಚಾಯಿತಿ ಚುನಾವಣೆ ನಡೆಯಿತು. ಆಗ ಹಾಕಿದ ತಕರಾರು, ಅದರ ಮೇಲಿನ ಮೇಲ್ಮನವಿ ಅಂತ ಎಳೆಯುವಷ್ಟರಲ್ಲಿ ಅವಧಿಯೇ ಮುಗಿಯಿತು ಅಂದುಕೊಳ್ಳಿ. ಇನ್ನು "ನಾನೇ ಗೆದ್ದವನು" ಎಂದು ಘೋಷಿಸಿಕೊಂಡು ಏನು ಮಾಡುವುದು? ಮದುವೆ ಮುಗಿದ ಮೇಲೆ ಚಪ್ಪರ ಹಾಕಿದ ಹಾಗೆ. 1974ರಲ್ಲಿ ಒಡಿಶಾದ ಒಂದು ವಿಧಾನಸಭಾ ಚುನಾವಣೆ ತಕರಾರಿನಲ್ಲಿ, ಸಭೆಯೇ ವಿಸರ್ಜನೆ ಆಗಿದೆ, ಬರೀ ಪುಸ್ತಕದ ಪ್ರಶ್ನೆಗೆ ಉತ್ತರ ಕೊಡುವುದು ಕೋರ್ಟಿನ ಕೆಲಸವಲ್ಲ ಎಂಬ ನಿಲುವನ್ನು ಸುಪ್ರೀಂ ಕೋರ್ಟ್ ತೆಗೆದುಕೊಂಡಿತು. ಆದರೆ ಭ್ರಷ್ಟ ಆಚರಣೆಯ ಆರೋಪ ಇದ್ದರೆ ಲೆಕ್ಕ ಬೇರೆ. ಅದು ಸಾಬೀತಾದರೆ ಮುಂದಿನ ಚುನಾವಣೆಗೆ ನಿಲ್ಲುವುದಕ್ಕೇ ಅಡ್ಡಿ ಬರಬಹುದು, ಹಾಗಾಗಿ ಅಂಥ ಕೇಸು ಅವಧಿ ಮುಗಿದ ಮಾತ್ರಕ್ಕೆ ಸಾಯುವುದಿಲ್ಲ.

ಈಗ ಮುಗಿದ ಹಾಗೆ ಕಂಡರೂ ಮುಗಿಯದವುಗಳಿಗೆ ಬನ್ನಿ. ನನ್ನ ಪ್ರಕಾರ ಈ ಭಾಗವೇ ಮುಖ್ಯ.

"ಡಿಕ್ರಿ ಜಾರಿ ಆಗಿಹೋಗಿದೆ, ಸ್ವಾಧೀನ ನಾವು ತೆಗೆದುಕೊಂಡಾಯಿತು, ಇನ್ನೇನು ಅಪೀಲು" ಅಂತ ಎದುರಿನವರು ವಾದಿಸುತ್ತಾರೆ. ಕೇಳಲು ಸರಿ ಅನ್ನಿಸುತ್ತದೆ, ಆದರೆ ತಪ್ಪು. ಅಪೀಲು ಹಾಕಿದ ಮಾತ್ರಕ್ಕೆ ಸ್ಟೇ ಇರುವುದಿಲ್ಲ, ಬೇರೆ ಅರ್ಜಿ ಕೊಟ್ಟು ತಗೋಬೇಕು, ಹಾಗಾಗಿ ಸ್ಟೇ ಇಲ್ಲದಿದ್ದರೆ ಅವರು ಡಿಕ್ರಿ ಜಾರಿ ಮಾಡಿಸಿಕೊಂಡಿದ್ದು ಅವರ ಹಕ್ಕೇ. ಆದರೂ ನಾಳೆ ಅಪೀಲಿನಲ್ಲಿ ಆ ಡಿಕ್ರಿ ರದ್ದಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 144ನೇ ಕಲಂ ಪ್ರಕಾರ ಮೊದಲಿದ್ದ ಸ್ಥಿತಿಗೆ ತಂದುಕೊಡಬೇಕು. ಜಮೀನು ವಾಪಸ್, ಬಂದ ಫಸಲಿನ ಹಣ ವಾಪಸ್. ಅಂದಮೇಲೆ ಅಪೀಲಿಗೆ ಜೀವ ಇದೆ.

ಅಪೀಲು ಬಾಕಿ ಇರುವಾಗ ಎದುರುದಾರ ಜಮೀನು ಮಾರಿದ್ದರೂ ಅಷ್ಟೇ. ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಂ ಇದೆ. ಕೇಸು ನಡೆಯುವಾಗ ಕೊಂಡವನು ಕೇಸಿನ ಫಲಿತಾಂಶಕ್ಕೆ ಬದ್ಧ. "ಮಾರಿಬಿಟ್ಟಿದ್ದೀವಿ, ಇನ್ನೇನೂ ಉಳಿದಿಲ್ಲ" ಅನ್ನೋದು ಉತ್ತರವಲ್ಲ.

ಭಾಗದ ದಾವೆಗಳಲ್ಲಿ ಇದೇ ಇನ್ನೊಂದು ರೂಪದಲ್ಲಿ ಬರುತ್ತದೆ. ಯಾರಿಗೆ ಎಷ್ಟು ಪಾಲು ಎಂದು ಹೇಳುವ ಪ್ರಾಥಮಿಕ ಡಿಕ್ರಿ ಮೇಲೆ ಅಪೀಲು ಇದೆ, ಕೆಳಗೆ ಎಫ್.ಡಿ.ಪಿ. (ಅಂತಿಮ ಡಿಕ್ರಿಯ ಪ್ರಕ್ರಿಯೆ) ಮುಗಿದು ಅಂತಿಮ ಡಿಕ್ರಿಯೂ ಆಗಿದೆ, ಸರ್ವೆ ಆಗಿ ಬದು ಹಾಕಿದ್ದಾರೆ. ಆದರೂ ಪ್ರಾಥಮಿಕ ಡಿಕ್ರಿ ಮೇಲಿನ ಅಪೀಲು ಜೀವಂತ ಉಳಿಯುತ್ತದೆ. ಪ್ರಾಥಮಿಕ ಡಿಕ್ರಿ ಬಿದ್ದರೆ ಅದರ ಮೇಲೆ ಕಟ್ಟಿದ ಅಂತಿಮ ಡಿಕ್ರಿಯೂ ಬೀಳುತ್ತದೆ. ಉಲ್ಟಾ ನೋಡಿದರೆ, ಪ್ರಾಥಮಿಕ ಡಿಕ್ರಿ ಮೇಲೆ ಅಪೀಲನ್ನೇ ಹಾಕದೆ ಅಂತಿಮ ಡಿಕ್ರಿ ಬಂದಾಗ "ನನ್ನ ಪಾಲು ತಪ್ಪು" ಎಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 97ನೇ ಕಲಂ ಬಾಯಿ ಮುಚ್ಚಿಸುತ್ತದೆ. ಅಣ್ಣ-ತಮ್ಮಂದಿರ ಕೇಸುಗಳಲ್ಲಿ ಇದನ್ನು ನೆನಪಿಡಿ.

ಕಕ್ಷಿದಾರರು ತೀರಿಕೊಂಡರೆ? ಬಹಳ ಕೇಸುಗಳಲ್ಲಿ ವಾರಸುದಾರರನ್ನು ಸೇರಿಸಿದರೆ ಸಾಕು, ಅಪೀಲು ನಡೆಯುತ್ತದೆ. ಗಡುವು 90 ದಿನ. ತಪ್ಪಿದರೆ ಅಪೀಲು ತಾನಾಗಿ ಬಿದ್ದುಹೋಗುತ್ತದೆ, ಅದನ್ನು ಎತ್ತಿಸಲು ಮತ್ತೆ 60 ದಿನ. ಸತ್ತವರ ವೈಯಕ್ತಿಕ ಹಕ್ಕು ಮಾತ್ರ ಅವರೊಂದಿಗೇ ಹೋಗುತ್ತದೆ. ಅದೂ ಕಣ್ಣು ಮುಚ್ಚಿ ಒಪ್ಪುವಂಥದ್ದಲ್ಲ. 1997ರಲ್ಲಿ ನಮ್ಮ ರಾಜ್ಯದಿಂದಲೇ ಹೋದ ಒಂದು ಕೇಸಿನಲ್ಲಿ, ಗಂಡ ತೀರಿಕೊಂಡ ಮೇಲೂ ಏಕಪಕ್ಷೀಯ ವಿಚ್ಛೇದನ ಡಿಕ್ರಿಯನ್ನು ಹೆಂಡತಿ ಪ್ರಶ್ನಿಸಬಹುದು ಎಂದು ಸುಪ್ರೀಂ ಕೋರ್ಟ್ ಹೇಳಿತು. ಆಕೆ ವಿಧವೆಯಾ, ವಿಚ್ಛೇದಿತೆಯಾ ಅನ್ನೋದರ ಮೇಲೆ ಆಸ್ತಿ ಹಕ್ಕು ನಿಂತಿರುತ್ತದಲ್ಲ.

ನೌಕರಿ ವಿಷಯ ಬೇಗ ಹೇಳಿಬಿಡುತ್ತೇನೆ. ವರ್ಗಾವಣೆ ರದ್ದಾದರೆ ಕೇಸು ಮುಗಿಯುತ್ತದೆ. ಬಡ್ತಿ ಕೊಡಲಿಲ್ಲ ಎಂಬ ಕೇಸು ನಿವೃತ್ತಿಯಾದರೂ ಮುಗಿಯುವುದಿಲ್ಲ, ಪಿಂಚಣಿಯ ಲೆಕ್ಕ ಅದರ ಮೇಲೇ ಇದೆ. ಕ್ರಿಮಿನಲ್‌ನಲ್ಲಿ ಜೈಲು ಶಿಕ್ಷೆ ಪೂರ್ತಿ ಅನುಭವಿಸಿ ಹೊರಗೆ ಬಂದವರೂ ಅಪೀಲು ನಡೆಸಬಹುದು, ಅಪರಾಧಿ ಎಂಬ ಹಣೆಪಟ್ಟಿ ಉಳಿದಿರುತ್ತದೆ. ಅಪೀಲುದಾರ ತೀರಿಕೊಂಡರೂ ಹತ್ತಿರದ ಸಂಬಂಧಿಕರು 30 ದಿನದೊಳಗೆ ಅನುಮತಿ ಕೇಳಿ ಮುಂದುವರಿಸುವ ದಾರಿ ಇದೆ.

ಅಪೀಲಿಗೆ ಅರ್ಥ ಇಲ್ಲದ ಹಾಗೆ ಮಾಡಿದ್ದು ಎದುರುದಾರನೇ ಆಗಿದ್ದರೆ

ಇದಕ್ಕೆ ಒಂದು ಉದಾಹರಣೆ ಬೇಕು. ಕೋಲಾರ ಜಿಲ್ಲೆಯ ಶ್ರೀನಿವಾಸಪುರದ ಕಡೆ ನಿಮ್ಮದೊಂದು ಮಾವಿನ ತೋಟ ಇದೆ ಅಂದುಕೊಳ್ಳಿ. ಪಕ್ಕದವರು ತೋಟದ ಮಧ್ಯೆ ದಾರಿ ಮಾಡಲು ಬಂದರು. ನೀವು ಶಾಶ್ವತ ಪ್ರತಿಬಂಧಕಾಜ್ಞೆ ಕೇಳಿ ದಾವೆ ಹಾಕಿದಿರಿ, ಸೋತಿರಿ, ಆರ್.ಎ. (ತೀರ್ಪಿನ ಮೇಲಿನ ಮೊದಲ ಅಪೀಲು) ಹಾಕಿದಿರಿ, ಸ್ಟೇ ಸಿಗಲಿಲ್ಲ. ಒಂದು ರಾತ್ರಿ ಜೆ.ಸಿ.ಬಿ. ತಂದು ಮರ ಕಿತ್ತು ದಾರಿ ಮಾಡೇಬಿಟ್ಟರು. ಮುಂದಿನ ಡೇಟಿಗೆ ಅವರ ವಕೀಲರು ಎದ್ದು ನಿಂತು, "ದಾರಿ ಆಗಿಹೋಗಿದೆ, ತಡೆಯಲು ಏನೂ ಇಲ್ಲ, ಅಪೀಲು ಇನ್‌ಫ್ರಕ್ಚುಯಸ್" ಅನ್ನುತ್ತಾರೆ.

ಇಲ್ಲಿ ಸುಮ್ಮನಾದರೆ ಎರಡು ಕಡೆ ಹೊಡೆತ. ಒಂದು, ದಾವೆ ವಜಾ ಆದ ಕೆಳಗಿನ ತೀರ್ಪು ಗಟ್ಟಿಯಾಗುತ್ತದೆ. ಎರಡನೇದು ಬಹಳ ಜನಕ್ಕೆ ಗೊತ್ತಿಲ್ಲ. ನಿರ್ದಿಷ್ಟ ಪರಿಹಾರ ಕಾಯ್ದೆಯ 40ನೇ ಕಲಮಿನ ಮೂರನೇ ಉಪಕಲಂ ಏನು ಹೇಳುತ್ತದೆ ಅಂದರೆ, ಇಂಥ ಉಲ್ಲಂಘನೆ ತಡೆಯಲು ಹಾಕಿದ ದಾವೆ ವಜಾ ಆದರೆ ಅದೇ ಉಲ್ಲಂಘನೆಗೆ ನಷ್ಟ ಪರಿಹಾರ ಕೇಳಿ ಬೇರೆ ದಾವೆ ಹಾಕುವ ಹಕ್ಕೂ ಹೋಗುತ್ತದೆ. ಅಂದರೆ ಕಿತ್ತ ಮರಗಳ ಲೆಕ್ಕವೂ ಮುಳುಗಿತು.

ಮಾಡಬೇಕಾದ್ದು ಇಷ್ಟು. ಮೊದಲು ಫೋಟೋ, ವಿಡಿಯೋ ತೆಗೆಯಿರಿ, ಮರ ಕಿತ್ತ ಮಾರನೇ ದಿನವೇ ಪೊಲೀಸ್ ದೂರು ಕೊಟ್ಟು ಸ್ವೀಕೃತಿ ಇಟ್ಟುಕೊಳ್ಳಿ. ನಂತರ ಸಿವಿಲ್ ಪ್ರಕ್ರಿಯಾ ಸಂಹಿತೆಯ 6ನೇ ಆದೇಶದ 17ನೇ ನಿಯಮದ ಕೆಳಗೆ ದಾವೆಯನ್ನೇ ತಿದ್ದುಪಡಿ ಮಾಡಲು ಅಪೀಲು ಕೋರ್ಟಿನಲ್ಲಿ ಅರ್ಜಿ ಹಾಕಿಸಿ. ತಡೆಯಬೇಕು ಎಂದು ಕೇಳಿದ್ದನ್ನು, ದಾರಿ ತೆಗೆಸಿ ಮೊದಲಿನಂತೆ ಮಾಡಿಸಬೇಕು ಎಂದು ಬದಲಿಸಿ. ಅದರ ಜೊತೆಗೇ ನಷ್ಟ ಪರಿಹಾರವನ್ನೂ ಸೇರಿಸಿ, ಏಕೆಂದರೆ ದಾವೆಯಲ್ಲಿ ಕೇಳದಿದ್ದರೆ ಕೋರ್ಟ್ ಕೊಡುವ ಹಾಗಿಲ್ಲ. ಆದರೆ ಇದೇ 40ನೇ ಕಲಂ, ನಷ್ಟ ಪರಿಹಾರ ಸೇರಿಸಲು ಕೇಸಿನ ಯಾವ ಹಂತದಲ್ಲಾದರೂ ತಿದ್ದುಪಡಿಗೆ ಅವಕಾಶ ಕೊಡಬೇಕು ಎಂದೂ ಹೇಳುತ್ತದೆ. ಹೊಸ ಸಂಗತಿಗೆ ದಾಖಲೆ ಕೊಡಲು 41ನೇ ಆದೇಶದ 27ನೇ ನಿಯಮದ ಅರ್ಜಿಯೂ ಬೇಕಾಗುತ್ತದೆ. ಕೇಸು ಹಾಕಿದ ಮೇಲೆ ನಡೆದ ಸಂಗತಿಯನ್ನು ಕೋರ್ಟ್ ನೋಡಬಹುದು, ಅದಕ್ಕೆ ತಕ್ಕಂತೆ ಪರಿಹಾರ ರೂಪಿಸಬಹುದು ಎಂದು 1975ರಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಒಂದು ಬಾಡಿಗೆ ಅಂಗಡಿಯ ಕೇಸಿನಲ್ಲಿ ಬರೆದದ್ದು ಇವತ್ತಿಗೂ ಎಲ್ಲ ಕೋರ್ಟುಗಳಲ್ಲಿ ಓಡುತ್ತದೆ. ನಿಮ್ಮ ವಕೀಲರಿಗೆ ಇದು ಖಂಡಿತ ಗೊತ್ತಿರುತ್ತದೆ. ಕೇಳಿ ನೋಡಿ.

ತಡೆಯಾಜ್ಞೆ ಇದ್ದೂ ಅವರು ಹೀಗೆ ಮಾಡಿದ್ದರೆ ಇನ್ನೂ ಗಟ್ಟಿ ದಾರಿ ಇದೆ. 39ನೇ ಆದೇಶದ 2ಎ ನಿಯಮ. ಆದೇಶ ಮೀರಿದವನ ಆಸ್ತಿ ಜಪ್ತಿ, ಮೂರು ತಿಂಗಳವರೆಗೆ ಸಿವಿಲ್ ಜೈಲು. ಅಪೀಲು ಮುಗಿಯುವ ಮೊದಲೇ ಈ ಅರ್ಜಿ ಹಾಕಿಬಿಡುವುದು ಒಳ್ಳೆಯದು.

ಸರಿ, ನಿಜವಾಗಿಯೂ ಮುಗಿದಿದೆ. ಮೆಮೊದಲ್ಲಿ ಏನು ಬರೆಸಬೇಕು

ಕೋರ್ಟಿಗೆ ವಿಷಯ ತಿಳಿಸುವುದು ನಿಮ್ಮ ಕರ್ತವ್ಯ. ಮುಚ್ಚಿಟ್ಟು ಎಳೆದರೆ ಜಡ್ಜ್ ಮುಂದೆ ಮರ್ಯಾದೆ ಹೋಗುತ್ತದೆ, ಖರ್ಚೂ ಹಾಕಬಹುದು. ಯಾರೂ ಹೇಳದಿದ್ದರೂ ಮುಗಿದುಹೋದ ಕೇಸನ್ನು ಕೋರ್ಟ್ ತನ್ನ ಅಂತರ್ಗತ ಅಧಿಕಾರದಲ್ಲಿ, ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಂ ಕೆಳಗೆ, ಮುಚ್ಚಬಹುದು ಎಂದು 2004ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ನೀವೇ ಮೊದಲು ಹೋಗಿ ನಿಮಗೆ ಬೇಕಾದ ಮಾತು ಬರೆಸಿಕೊಳ್ಳುವುದು ಜಾಣತನ.

ಮೊದಲು ತೀರ್ಮಾನಿಸಬೇಕಾದ್ದು, ಮುಗಿದಿರುವುದು ಅಪೀಲಾ, ದಾವೆಯಾ? ಎರಡಕ್ಕೂ ವ್ಯತ್ಯಾಸ ಬಹಳ ಇದೆ. ಬರೀ ಅಪೀಲು ವಜಾ ಆದರೆ ಕೆಳಗಿನ ಡಿಕ್ರಿ ಉಳಿಯುತ್ತದೆ. ಜಗಳದ ಬುಡವೇ ಹೋಗಿದ್ದರೆ, "ದಾವೆಯೇ ಅರ್ಥ ಕಳೆದುಕೊಂಡಿದೆ, ಕೆಳಗಿನ ತೀರ್ಪನ್ನು ಬದಿಗಿಟ್ಟು ದಾವೆಯನ್ನು ಮುಕ್ತಾಯ ಮಾಡಿ" ಎಂದು ಕೇಳಿ. ಎಲ್ಲ ಜಡ್ಜ್‌ಗಳೂ ಒಪ್ಪುವುದಿಲ್ಲ, ಎದುರಿನವರು ಖಂಡಿತ ವಿರೋಧಿಸುತ್ತಾರೆ. ಆದರೂ ಕೇಳದೆ ಸಿಗುವುದಿಲ್ಲ. ಅದು ಆಗದಿದ್ದರೆ ಕನಿಷ್ಠ ಕೆಳಗಿನ ತೀರ್ಪಿನ ಅಭಿಪ್ರಾಯಗಳು ಮುಂದೆ ನಿಮಗೆ ಅಡ್ಡ ಬರಬಾರದು ಎಂಬ ಸಾಲು ಕೇಳಿ. ಇದು ಸುಮ್ನೆ ಭಯ ಅಲ್ಲ. ಅಪೀಲು ಗುಣದೋಷಕ್ಕೆ, ಅಂದರೆ ಯಾರ ವಾದ ಸರಿ ಅನ್ನೋದಕ್ಕೆ, ಹೋಗದೆ ಬೇರೆ ಕಾರಣಕ್ಕೆ ವಜಾ ಆದರೂ ಕೆಳಗಿನ ತೀರ್ಪು ಖಾಯಂ ಆಗಿ ಮುಂದಿನ ಕೇಸನ್ನು ಕಟ್ಟಿಹಾಕಬಹುದು ಎಂದು ಸುಪ್ರೀಂ ಕೋರ್ಟ್ 1966ರಲ್ಲೇ ಹೇಳಿದೆ. ಅಲ್ಲಿ ವಜಾ ಆಗಿದ್ದು ಗಡುವು ಮೀರಿದ್ದು ಮುಂತಾದ ಕಾರಣಕ್ಕೆ. ನಿಮ್ಮದು ಬೇರೆ ಕಾರಣ ಎಂದು ವಾದ ಮಾಡಬಹುದು ನಿಜ, ಆದರೆ ಆ ವಾದ ಮಾಡುವ ಸ್ಥಿತಿಗೇ ಯಾಕೆ ಹೋಗಬೇಕು?

ಮೆಮೊದ ಒಕ್ಕಣೆ ಸುಮಾರು ಹೀಗಿರಬಹುದು. "ಈ ಅಪೀಲು ಬಾಕಿ ಇರುವಾಗ ಇಂಥ ದಿನಾಂಕದಂದು ಇಂಥ ಸಂಗತಿ ನಡೆದಿರುತ್ತದೆ. ಅದರ ದಾಖಲೆಯನ್ನು ಲಗತ್ತಿಸಿದೆ. ಇದರಿಂದ ಅಪೀಲುದಾರರು ಕೋರಿದ ಇಂಥ ಪರಿಹಾರದ ಅಗತ್ಯ ಉಳಿದಿರುವುದಿಲ್ಲ. ಆದ್ದರಿಂದ ಗುಣದೋಷದ ಮೇಲೆ ತೀರ್ಮಾನಿಸದೆ ಅಪೀಲನ್ನು ಮುಕ್ತಾಯಗೊಳಿಸಬೇಕೆಂದೂ, ಕೆಳ ನ್ಯಾಯಾಲಯವು ಹಕ್ಕು ಮತ್ತು ಸ್ವಾಧೀನದ ಬಗ್ಗೆ ವ್ಯಕ್ತಪಡಿಸಿದ ಅಭಿಪ್ರಾಯಗಳು ಮುಂದಿನ ಯಾವುದೇ ಪ್ರಕರಣದಲ್ಲಿ ಅಪೀಲುದಾರರಿಗೆ ಬಾಧಕವಾಗಬಾರದೆಂದೂ, ಎಲ್ಲ ವಾದಗಳನ್ನು ಮುಕ್ತವಾಗಿ ಇಡಬೇಕೆಂದೂ ಪ್ರಾರ್ಥನೆ." ಭಾಷೆಯನ್ನು ವಕೀಲರು ತಿದ್ದಿಕೊಳ್ಳಲಿ. ಆದರೆ ಆ ಕೊನೆಯ ಎರಡು ಮಾತು ಬಿಟ್ಟುಹೋಗದಂತೆ ನೋಡಿಕೊಳ್ಳಿ. ಸಹಿ ಹಾಕುವ ಮೊದಲು ಓದಿ. ಇಂಗ್ಲಿಷಿನಲ್ಲಿದ್ದರೆ ಓದಿಸಿ ಕೇಳಿ.

ಇನ್ನೊಂದು ಅಪಾಯ. "ವಾಪಸ್ ಪಡೆದಿದ್ದರಿಂದ ವಜಾ" ಎಂಬ ಮಾತು ಬೇರೆ, "ಅರ್ಥ ಉಳಿದಿಲ್ಲವಾದ್ದರಿಂದ ವಜಾ" ಎಂಬುದು ಬೇರೆ. ದಾವೆಯನ್ನೇ ವಾಪಸ್ ಪಡೆಯುವುದಾದರೆ 23ನೇ ಆದೇಶದ 1ನೇ ನಿಯಮದಲ್ಲಿ ಹೊಸ ದಾವೆಗೆ ಅನುಮತಿ ಕೇಳಿಯೇ ಪಡೆಯಬೇಕು. ಅನುಮತಿ ಇಲ್ಲದೆ ವಾಪಸ್ ಪಡೆದರೆ ಅದೇ ವಿಷಯಕ್ಕೆ ಮತ್ತೆ ದಾವೆ ಹಾಕುವ ಹಾಗಿಲ್ಲ. ಆತುರದಲ್ಲಿ "ನಾಟ್ ಪ್ರೆಸ್ಡ್" (ಮುಂದುವರಿಸುವುದಿಲ್ಲ) ಎಂದು ಆರ್ಡರ್ ಶೀಟ್ ಮೇಲೆ ಬರೆಸಿಬಿಡುವುದು ನಮ್ಮಲ್ಲಿ ಸಾಮಾನ್ಯ. ನನಗೆ ಆ ಅಭ್ಯಾಸ ಕಂಡರೆ ಆಗುವುದಿಲ್ಲ.

ಮೆಮೊ ಎದುರಿನವರು ಹಾಕಿದರೆ

ಉತ್ತರ ಕೊಡಲು ಒಂದು ಡೇಟ್ ಕೇಳಿ. ಕೊಡುತ್ತಾರೆ. ಮೇಲೆ ಹೇಳಿದ ಹಾಳೆ ಈಗ ಕೆಲಸಕ್ಕೆ ಬರುತ್ತದೆ. ಯಾವ ಪ್ರಾರ್ಥನೆ ಇನ್ನೂ ಜೀವಂತ ಇದೆ ಅನ್ನೋದನ್ನು ಲಿಖಿತ ಆಕ್ಷೇಪಣೆಯಲ್ಲಿ ಒಂದೊಂದಾಗಿ ಬರೆಸಿ. "ಅನ್ಯಾಯ ಆಗುತ್ತದೆ" ಅನ್ನೋ ಮಾತಿಗಿಂತ "ಇಷ್ಟು ತಿಂಗಳ ಬಾಡಿಗೆ ಬಾಕಿ ಇದೆ" ಅನ್ನೋ ಮಾತು ತೂಕದ್ದು. ನಡೆಯಿತು ಎಂದು ಅವರು ಹೇಳುವ ಸಂಗತಿಯೇ ಸುಳ್ಳಾಗಿದ್ದರೆ ಅಫಿಡವಿಟ್ ಹಾಕಿ ಅಲ್ಲಗಳೆಯಿರಿ.

ನೀವು ಅಪೀಲುದಾರರಲ್ಲ, ಎದುರುದಾರರಾಗಿದ್ದು, ಕೆಳಗಿನ ತೀರ್ಪಿನ ಒಂದು ಭಾಗದ ಮೇಲೆ ಕ್ರಾಸ್ ಆಬ್ಜೆಕ್ಷನ್ (ಅದೇ ಅಪೀಲಿನಲ್ಲಿ ನಿಮ್ಮ ಕಡೆಯ ಆಕ್ಷೇಪಣೆ) ಹಾಕಿದ್ದೀರಿ ಅಂದುಕೊಳ್ಳಿ. ಅಪೀಲು ವಾಪಸ್ ಹೋದರೂ, ಗೈರುಹಾಜರಿಗೆ ವಜಾ ಆದರೂ ನಿಮ್ಮದನ್ನು ಕೋರ್ಟ್ ಕೇಳಬಹುದು. 41ನೇ ಆದೇಶದ 22ನೇ ನಿಯಮದಲ್ಲಿ ಅದಕ್ಕೆ ಜಾಗ ಇದೆ. ಅಪೀಲಿನ ಜೊತೆ ನಿಮ್ಮದೂ ಮುಚ್ಚಿಹೋಗಲು ಬಿಡಬೇಡಿ.

ಹಣ, ಸ್ಟೇ, ಜಾಮೀನು

ಮಧ್ಯಂತರ ಆದೇಶ ಮುಖ್ಯ ಕೇಸಿನ ಜೊತೆಗೇ ಹೋಗುತ್ತದೆ. ಸ್ಟೇ ಇದ್ದ ಅಷ್ಟು ವರ್ಷ ಸಿಕ್ಕ ಲಾಭವನ್ನು, ಕೇಸು ಮುಚ್ಚಿದ ಮೇಲೂ ಇಟ್ಟುಕೊಳ್ಳುತ್ತೇನೆ ಅನ್ನೋದಕ್ಕೆ ಆಗುವುದಿಲ್ಲ ಎಂದು 2010ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿತು. ನಿಮಗೆ ಸ್ಟೇ ಇದ್ದರೆ ಮುಂದೆ ಏನು ವಾಪಸ್ ಕೊಡಬೇಕಾಗಬಹುದು ಎಂದು ಮೊದಲೇ ಲೆಕ್ಕ ಹಾಕಿ. ಎದುರಿನವರಿಗೆ ಸ್ಟೇ ಇದ್ದರೆ, ಅದರಿಂದ ನಿಮಗಾದ ನಷ್ಟದ ಮಾತನ್ನು ಅಪೀಲು ಮುಚ್ಚುವ ದಿನವೇ ಎತ್ತಿ.

ಸ್ಟೇ ಷರತ್ತಿಗಾಗಿ ಕೋರ್ಟಿನಲ್ಲಿ ಹಣ ಕಟ್ಟಿದ್ದೀರಾ? ಬಾಡಿಗೆ ಡಿಪಾಸಿಟ್ ಆಗಿದೆಯಾ? ಬ್ಯಾಂಕ್ ಗ್ಯಾರಂಟಿ, ಜಾಮೀನುದಾರರ ಪಹಣಿ ಇದೆಯಾ? ಮೆಮೊದಲ್ಲೇ ಇವನ್ನು ಯಾರಿಗೆ ಬಿಡುಗಡೆ ಮಾಡಬೇಕು ಎಂದು ಬರೆಸಿ. ಆದೇಶದಲ್ಲಿ ಆ ಮಾತಿಲ್ಲದಿದ್ದರೆ ಆಮೇಲೆ ಬೇರೆ ಅರ್ಜಿ ಹಾಕಿ ಅಲೆಯಬೇಕು. ಪಾಪ, ಜಾಮೀನು ಹಾಕಿದ ನೆಂಟರ ಜಮೀನಿನ ಮೇಲೆ ವರ್ಷಗಟ್ಟಲೆ ನಮೂದು ಉಳಿದುಬಿಡುತ್ತದೆ.

ಎರಡೂ ಕಡೆಯವರಿಗೆ ಜಗಳ ಮುಗಿದಿದೆ ಎಂದು ಮನವರಿಕೆ ಆಗಿದ್ದರೆ, ಬರೀ ವಜಾ ಮಾಡಿಸಿಕೊಳ್ಳುವ ಬದಲು ಲೋಕ ಅದಾಲತ್‌ನಲ್ಲಿ ರಾಜಿ ಬರೆಸುವುದು ನನಗೆ ಹೆಚ್ಚು ಇಷ್ಟ. ಅದು ಡಿಕ್ರಿಗೆ ಸಮ, ಅದರ ಮೇಲೆ ಅಪೀಲಿಲ್ಲ, ಕೋರ್ಟ್ ಶುಲ್ಕವೂ ವಾಪಸ್ ಬರುತ್ತದೆ. ಮುಖ್ಯವಾಗಿ, ಕೆಳಗಿನ ತೀರ್ಪಿನ ಜಾಗದಲ್ಲಿ ನೀವಿಬ್ಬರೂ ಒಪ್ಪಿದ ಮಾತು ಬಂದು ಕೂರುತ್ತದೆ. ಬದು ಎಲ್ಲಿ, ದಾರಿ ಎಷ್ಟು ಅಡಿ, ಬಾವಿ ನೀರು ಯಾರಿಗೆ ಯಾವ ದಿನ, ಎಲ್ಲವನ್ನೂ ಬರೆಸಬಹುದು. ಅಪೀಲು ಕೋರ್ಟಿಗೆ ಇಷ್ಟೆಲ್ಲ ಬರೆಯುವ ವ್ಯವಧಾನ ಎಲ್ಲಿರುತ್ತದೆ?

ಎ.ಸಿ. ಕೋರ್ಟಿನ ಅಪೀಲು

ಮ್ಯುಟೇಷನ್ ತಕರಾರಿನಲ್ಲಿ ತಹಶೀಲ್ದಾರ್ ಆದೇಶದ ಮೇಲೆ ಭೂಕಂದಾಯ ಕಾಯ್ದೆಯ 136ನೇ ಕಲಂ ಕೆಳಗೆ ಎ.ಸಿ.ಗೆ ಹೋಗಿರುತ್ತೀರಿ. ತುಮಕೂರು, ತಿಪಟೂರು, ಮಧುಗಿರಿ, ನಿಮ್ಮ ತಾಲ್ಲೂಕು ಯಾವುದರ ಕೆಳಗಿದೆಯೋ ಅಲ್ಲಿಗೆ. ಅಷ್ಟರಲ್ಲಿ ಸಿವಿಲ್ ಕೋರ್ಟ್ ಅದೇ ಜಮೀನಿನ ಹಕ್ಕು ತೀರ್ಮಾನಿಸಿತು. ಆಗ ಎ.ಸಿ. ಮುಂದಿನ ಅಪೀಲನ್ನು ಎಳೆದಾಡಿ ಪ್ರಯೋಜನವಿಲ್ಲ, ಖಾತೆ ಸಿವಿಲ್ ಡಿಕ್ರಿಯ ಹಿಂದೆಯೇ ಹೋಗಬೇಕು. ಡಿಕ್ರಿ ನಕಲು ಕೊಟ್ಟು ಅದರಂತೆ ನಮೂದು ಮಾಡಲು ನಿರ್ದೇಶನ ಇರುವ ಆದೇಶವನ್ನೇ ಕೇಳಿ. "ಮುಕ್ತಾಯ" ಎಂದಷ್ಟೇ ಬರೆದ ಹಾಳೆ ಹಿಡಿದು ತಾಲ್ಲೂಕು ಕಚೇರಿಗೆ ಹೋದರೆ ಅಲ್ಲಿ ಯಾರೂ ಮುಟ್ಟುವುದಿಲ್ಲ.

ಆದೇಶ ಬಂದ ಮೇಲೆ

ಆ್ಯಪ್‌ನಲ್ಲಿ "ವಿಲೇವಾರಿ" ಎಂದು ಕಂಡರೆ ಸಾಲದು. ಅದೇ ವಾರ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ನಕಲು ಕೈಗೆ ಬಂದಾಗ ನೋಡಬೇಕಾದ್ದು, ವಜಾಕ್ಕೆ ಏನು ಕಾರಣ ಬರೆದಿದ್ದಾರೆ, ನಿಮ್ಮ ಮೆಮೊದ ಮಾತು ಬಂದಿದೆಯಾ, ಡಿಪಾಸಿಟ್ ಬಗ್ಗೆ ಏನಿದೆ, ಖರ್ಚು ಯಾರ ಮೇಲೆ.

ನೀವು ಹೋಗದ ದಿನ ವಜಾ ಆಗಿದ್ದರೆ ಕಾರಣ ಇನ್ನೂ ಗಮನವಿಟ್ಟು ಓದಿ. ಗೈರುಹಾಜರಿಗೆ ವಜಾ ಆಗಿದ್ದರೆ 30 ದಿನದೊಳಗೆ ಮತ್ತೆ ತೆಗೆದುಕೊಳ್ಳಿ ಎಂದು ಅರ್ಜಿ ಹಾಕಬಹುದು. ಅಪೀಲುದಾರ ಬಾರದ ದಿನ ಗುಣದೋಷದ ಮೇಲೆ ವಜಾ ಮಾಡುವಂತಿಲ್ಲ ಎಂದೂ ನಿಯಮದಲ್ಲೇ ಇದೆ. ಮುಗಿಯದ ವಿಷಯವನ್ನು ಮುಗಿದಿದೆ ಎಂದು ತಪ್ಪು ತಿಳಿದು ಮುಚ್ಚಿದ್ದು ದಾಖಲೆ ನೋಡಿದ ಕೂಡಲೇ ಕಾಣುವಂತಿದ್ದರೆ ಪುನರ್‌ಪರಿಶೀಲನೆ, ಅದಕ್ಕೂ 30 ದಿನ. ಕಾನೂನಿನ ಗಂಭೀರ ಪ್ರಶ್ನೆ ಇದ್ದರೆ ಹೈಕೋರ್ಟಿಗೆ ಎರಡನೇ ಅಪೀಲು, 90 ದಿನ. ನಮ್ಮ ಮೂರು ಜಿಲ್ಲೆಗಳಿಗೂ ಬೆಂಗಳೂರಿನ ಪ್ರಧಾನ ಪೀಠವೇ.

ಜಮೀನಿನ ಕೇಸಾಗಿದ್ದರೆ ಕೊನೆಯ ಕೆಲಸ ಪಹಣಿಯದ್ದು. ತಡೆಯಾಜ್ಞೆ, ದಾವೆ, 79ಎ ನಮೂದು, ಇವೆಲ್ಲ 11ನೇ ಕಾಲಂನಲ್ಲಿ ಕೂತಿರುತ್ತವೆ. ಕೋರ್ಟ್ ಮುಚ್ಚಿದ ಕೇಸಿನ ಸುದ್ದಿ ತಾನಾಗಿ ತಾಲ್ಲೂಕು ಕಚೇರಿಗೆ ಹೋಗಿ ಅದನ್ನು ಅಳಿಸುತ್ತದೆ ಎಂದು ಕಾಯಬೇಡಿ. ದೃಢೀಕೃತ ನಕಲು ಲಗತ್ತಿಸಿ ತಹಶೀಲ್ದಾರರಿಗೆ ಅರ್ಜಿ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ, ಕೆಲವು ವಾರ ಬಿಟ್ಟು ಹೊಸ ಪಹಣಿ ತೆಗೆದು ನೋಡಿ. ಆ ನಮೂದು ಇರುವವರೆಗೆ ಬ್ಯಾಂಕಿನವರು ಬೆಳೆ ಸಾಲಕ್ಕೂ ಹಿಂದೆ ಮುಂದೆ ನೋಡುತ್ತಾರೆ.

ವಕೀಲರಿಗೆ ಕೊಡಲು ದುಡ್ಡಿಲ್ಲ, ಅಥವಾ ಇನ್ನೊಬ್ಬರ ಅಭಿಪ್ರಾಯ ಬೇಕು ಅನ್ನಿಸಿದರೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಆದಾಯ ತೋರಿಸದೆಯೂ ಉಚಿತ ವಕೀಲರನ್ನು ಪಡೆಯಬಹುದು, ಉಳಿದವರಿಗೆ ಆದಾಯದ ಮಿತಿ ಇದೆ. ಸಹಾಯವಾಣಿ 15100. ಹೋಗುವಾಗ ಮೊದಲು ಹೇಳಿದ ಮೂರು ಕಾಗದ ಮತ್ತು ಆ ಹಾಳೆ ತೆಗೆದುಕೊಂಡು ಹೋಗಿ.